ನಳಿಕೆಯ ತುದಿ ಎಲ್ಲಿದೆ?

ನುಂಗಲಾಗದವರಿಗೆ ಮೂಗಿನಿಂದ ಹೊಟ್ಟೆಯವರೆಗೆ ನಳಿಕೆ ಇಳಿಸಿ ಗಂಜಿ, ಔಷಧಿ ಕೊಡುವುದನ್ನು ನೀವೂ ನೋಡಿರುತ್ತೀರಿ. ಹೊಟ್ಟೆಗೆ ನಳಿಕೆ ಇಳಿಸುವ ಈ ಉಪಾಯ ಇನ್ನೂರು ವರ್ಷಕ್ಕಿಂತ ಹಳೆಯದು ಗೊತ್ತಾ?

1790ರಲ್ಲಿ ಲಂಡನ್ನಿನ ಶಸ್ತ್ರವೈದ್ಯ ಜಾನ್ ಹಂಟರ್ ಬಳಿ ನುಂಗುವ ಸ್ನಾಯುಗಳೇ ಸೋತುಹೋದ ರೋಗಿಯೊಬ್ಬನಿದ್ದ. ಹಂಟರ್ ಏನು ಮಾಡಿದ ನೋಡಿ! ಬಾಗುವ ಕಡ್ಡಿಯೊಂದಕ್ಕೆ ಹಾವುಮೀನಿನ ಚರ್ಮ ತೊಡಿಸಿ ನಳಿಕೆ ಮಾಡಿದ. ಮೇಲ್ತುದಿಗೆ ಪ್ರಾಣಿಯೊಂದರ ಮೂತ್ರಕೋಶದ ಚೀಲ ಕಟ್ಟಿದ. ಹಾಲು, ಮೊಟ್ಟೆ, ಸಕ್ಕರೆ ಅದರಲ್ಲೇ ಹೊಟ್ಟೆ ಸೇರಿದವು. ರೋಗಿ ಗುಣವಾದ. 1793ರಲ್ಲಿ ಅಚ್ಚಾದ ವರದಿಯ ಶೀರ್ಷಿಕೆಯಲ್ಲೇ 'ಆಹಾರ ಮತ್ತು ಔಷಧಿ' ಎರಡೂ ಇವೆ.

ಆದರೆ ಗಂಟಲಲ್ಲಿ ಅನ್ನನಾಳದ ಪಕ್ಕದಲ್ಲೇ ಉಸಿರಿನ ದಾರಿಯೂ ಇದೆಯಲ್ಲ... ಇದರ ಬೆಲೆ ತೆತ್ತವರು ಕೈದಿಗಳು. 1909ರಿಂದ ಬ್ರಿಟನ್ನಿನ ಜೈಲುಗಳಲ್ಲಿ ಮತದಾನದ ಹಕ್ಕಿಗಾಗಿ ಉಪವಾಸ ಕೂತ ಹೆಂಗಸರಿಗೆ ಬಲವಂತದಿಂದ ಹೀಗೆ ಉಣಿಸಿದರು. 1913ರಲ್ಲಿ ಲಿಲಿಯನ್ ಲೆಂಟನ್ ಎಂಬಾಕೆಯ ಶ್ವಾಸಕೋಶಕ್ಕೇ ಆಹಾರ ಹೋಯಿತು; ಆಕೆ ಹೇಗೋ ಬದುಕಿಕೊಂಡಳು. 1929ರಲ್ಲಿ ಲಾಹೋರ್ ಜೈಲಿನಲ್ಲಿದ್ದ ನಮ್ಮ ಜತೀಂದ್ರನಾಥ ದಾಸ್ ಬದುಕಲಿಲ್ಲ. ಬಲವಂತವಾಗಿ ಉಣಿಸಿದ್ದು ಅವರ ಶ್ವಾಸಕೋಶ ಸೇರಿತು. ಉಪವಾಸದ 63ನೇ ದಿನ, ಸೆಪ್ಟೆಂಬರ್ 13ರಂದು, ತೀರಿಕೊಂಡರು.

ನಳಿಕೆ ಹೊಟ್ಟೆಯಲ್ಲೇ ಇದೆಯೆಂದು ತಿಳಿಯುವುದು ಹೇಗೆ? ಗಾಳಿ ಊದಿ, ಹೊಟ್ಟೆಯ ಮೇಲೆ ಸ್ಟೆತಾಸ್ಕೋಪ್ ಇಟ್ಟು ಕೇಳುವುದು ಬಹುಕಾಲದ ರೂಢಿ. ತುದಿ ಶ್ವಾಸಕೋಶದಲ್ಲಿದ್ದರೂ ಆ ಸದ್ದು ಕೇಳಬಹುದು! ಅದನ್ನು ನಂಬಬೇಡಿ ಎಂದು ಇಂಗ್ಲೆಂಡಿನ ರೋಗಿ ಸುರಕ್ಷತಾ ಸಂಸ್ಥೆ 2005ರಲ್ಲಿ ಎಚ್ಚರಿಸಿತು. ಈಗ ಎಕ್ಸ್‌ರೇ ತೆಗೆಯುತ್ತಾರೆ, ಇಲ್ಲವೇ ನಳಿಕೆಯಿಂದ ಎಳೆದ ದ್ರವದ ಆಮ್ಲೀಯತೆ ಪರೀಕ್ಷಿಸುತ್ತಾರೆ.

ಔಷಧಿಗೆ ಇನ್ನೊಂದು ಅಪಾಯವಿತ್ತು. ರಕ್ತನಾಳದ ಸಿರಿಂಜೇ ಇದಕ್ಕೂ ಹೊಂದುತ್ತಿದ್ದರಿಂದ ಹೊಟ್ಟೆಯ ಔಷಧಿ ರಕ್ತಕ್ಕೆ ಹೋದದ್ದೂ ಉಂಟು. ಅದಕ್ಕೇ ಒಂದಕ್ಕೊಂದು ಕೂಡದಂಥ ಜೋಡಣೆಯ ಅಂತಾರಾಷ್ಟ್ರೀಯ ಮಾನದಂಡ 2016ರಲ್ಲಿ ಬಂತು.

ನಮ್ಮ ತಂದೆಗೆ ನಳಿಕೆ ಹಾಕಿದ್ದಾಗ ನರ್ಸಮ್ಮ ಒಬ್ಬರು ನನಗೆ ಕಲಿಸಿದ್ದು ಇಷ್ಟು: ಮೂಗಿನ ಬಳಿಯ ಗುರುತು ಸರಿದಿಲ್ಲವೆಂದು ಮೊದಲು ನೋಡು. ತಲೆಕಡೆ ಎತ್ತರಿಸು. ಔಷಧಿಗಳನ್ನು ಬೆರೆಸದೆ ಒಂದೊಂದಾಗಿ ಕೊಡು. ಮೊದಲೂ ಆಮೇಲೂ ನಡುವೆಯೂ ನೀರು ಬಿಡು. ಗಟ್ಟಿ ಸಿರಪ್ ತೆಳು ಮಾಡಬಹುದೇ, ಮಾತ್ರೆ ಪುಡಿ ಮಾಡಬಹುದೇ ಎಂದು ಕೇಳಿಯೇ ಮಾಡು. ಕೆಮ್ಮು, ಏದುಸಿರು ಬಂದರೆ ತಕ್ಷಣ ನಿಲ್ಲಿಸಿ ವೈದ್ಯರನ್ನು ಕರೆ.

ಆಗ ಇವೆಲ್ಲ ಬರೀ ಶಿಸ್ತಿನ ಮಾತುಗಳಂತೆ ಕೇಳಿದ್ದವು. ದಾಸರ ಕತೆ ಓದಿದ ಮೇಲೆ, ಒಂದೊಂದು ಮಾತಿನ ಹಿಂದೆಯೂ ಯಾರದೋ ಉಸಿರು ಇದೆ ಅನ್ನಿಸುತ್ತದೆ.