ಒಂದು ಬಲ್ಬಿನಿಂದ ಸೊನ್ನೆ ಬಿಲ್ಲಿನವರೆಗೆ

ಕರೆಂಟ್ ಬಿಲ್ಲಿನಲ್ಲಿ ಕಟ್ಟಬೇಕಾದ ಮೊತ್ತದ ಜಾಗದಲ್ಲಿ ಸೊನ್ನೆ ಬರಲು ಶುರುವಾದದ್ದು 2023ರ ಆಗಸ್ಟ್ ತಿಂಗಳಿನಿಂದ. ಅಂದಿನಿಂದ ಇಂದಿನವರೆಗೂ ಅದರ ಬಗ್ಗೆ ಚರ್ಚೆ ನಿಂತಿಲ್ಲ. ಉಡುಪಿಯ ಬಸ್‌ಸ್ಟ್ಯಾಂಡಿನಲ್ಲಿ ಕೇಳಿದರೂ ಅದೇ, ಕಾರ್ಕಳದ ಹೋಟೆಲಿನಲ್ಲಿ ಕೇಳಿದರೂ ಅದೇ. ಒಬ್ಬರು "ಬಿಟ್ಟಿ ಕೊಟ್ಟು ಜನರನ್ನು ಹಾಳು ಮಾಡಿದ್ರು" ಅಂತಾರೆ, ಇನ್ನೊಬ್ಬರು "ಇಷ್ಟು ವರ್ಷ ಬಡವರನ್ನು ಕೇಳುವವರೇ ಇರಲಿಲ್ಲ" ಅಂತಾರೆ. ಇಬ್ಬರಿಗೂ ಒಂದು ವಿಷಯ ಮರೆತು ಹೋಗಿದೆ. ಬಡವರ ಮನೆಯ ದೀಪಕ್ಕೆ ಸರಕಾರ ದುಡ್ಡು ಕೊಡುವುದು ನಿನ್ನೆ ಮೊನ್ನೆ ಶುರುವಾದದ್ದಲ್ಲ. ನಲವತ್ತು ವರ್ಷಗಳಿಗೂ ಮಿಕ್ಕಿದ ಕತೆ ಅದು. ಆ ಕತೆಯ ಉದ್ದಕ್ಕೂ ಇರುವ ಪ್ರಶ್ನೆ ಒಂದೇ: ಬಡವನಿಗೆ ಎಷ್ಟು ಬೆಳಕು ಸಾಕು?

ಸ್ವಲ್ಪ ಹಿಂದಿನಿಂದಲೇ ನೋಡೋಣ. ಹಳೆ ಮೈಸೂರಿನವರು ಶಿವನಸಮುದ್ರದ ಹೆಸರು ಹೇಳಿ ಬೀಗುತ್ತಾರೆ. ಅಲ್ಲಿಂದ 1902ರಲ್ಲಿ ಕೋಲಾರದ ಚಿನ್ನದ ಗಣಿಗೆ, 1905ರಲ್ಲಿ ಬೆಂಗಳೂರಿಗೆ ಕರೆಂಟು ಹೋಯಿತು. ನಮ್ಮ ಕರಾವಳಿ ಆಗ ಮೈಸೂರಿನದ್ದಲ್ಲ, ಮದ್ರಾಸಿನದ್ದು. 1956ರ ನವೆಂಬರ್ 1ರವರೆಗೂ ದಕ್ಷಿಣ ಕನ್ನಡ ಮದ್ರಾಸಿನ ಮೂಲೆಯ ಒಂದು ಜಿಲ್ಲೆ. ಪೈಕಾರ, ಮೆಟ್ಟೂರಿನಂಥ ಮದ್ರಾಸಿನ ದೊಡ್ಡ ವಿದ್ಯುತ್ ಯೋಜನೆಗಳೆಲ್ಲ ಇಲ್ಲಿಂದ ಬಹಳ ದೂರ. ರಾಜ್ಯ ಒಂದಾದ ಮೇಲೆ 1957ರಲ್ಲಿ ವಿದ್ಯುತ್ ಮಂಡಳಿ ಹುಟ್ಟಿತು. ಅದೇ ನಮ್ಮ ಜನ ಇವತ್ತಿಗೂ ಬಾಯಿತಪ್ಪಿ ಹೇಳುವ "ಕೆಇಬಿ". 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿಯ ಕರೆಂಟು ಹರಿದ ಮೇಲೆಯೇ ಹಳ್ಳಿಹಳ್ಳಿಗೆ ಕಂಬ ಎಳೆಯುವ ಮಾತು ಬಂದದ್ದು.

ಕಂಬ ಊರಿಗೆ ಬಂದರೂ ಮನೆಗೆ ಬರಬೇಕಲ್ಲ? ಪೇಟೆಯಲ್ಲಿ ಬಂತು, ಗುತ್ತಿನ ಮನೆಗೆ ಬಂತು, ರೈಸ್‌ಮಿಲ್ಲಿಗೆ ಬಂತು. ಗದ್ದೆಯಂಚಿನ ಗುಡಿಸಲಿನಲ್ಲಿ ಉರಿಯುತ್ತಿದ್ದದ್ದು ಚಿಮಣಿ ದೀಪವೇ. ಅದಕ್ಕೆ ಬೇಕಾದ ಎಣ್ಣೆಯನ್ನು ಸೊಸೈಟಿಯಲ್ಲಿ ಕಾರ್ಡು ತೋರಿಸಿ ಲೀಟರ್ ಲೆಕ್ಕದಲ್ಲಿ ತರಬೇಕಿತ್ತು. ಬಡವರ ಮನೆಯ ಬೆಳಕಿಗೆ ಸರಕಾರದಿಂದ ಬರುತ್ತಿದ್ದ ಸಹಾಯ ಬಹಳ ಕಾಲ ಆ ಚಿಮಣಿ ಎಣ್ಣೆಯ ಸಬ್ಸಿಡಿಯೇ. (ಆ ಸಬ್ಸಿಡಿಯನ್ನು ಕೇಂದ್ರ ಸ್ವಲ್ಪ ಸ್ವಲ್ಪವೇ ಕರಗಿಸುತ್ತಾ ಬಂದು 2020ರ ಹೊತ್ತಿಗೆ ಪೂರ್ತಿ ಮುಗಿಸಿತು.)

ಇಲ್ಲಿ ಭೂಸುಧಾರಣೆಯನ್ನೂ ನೆನಪು ಮಾಡಿಕೊಳ್ಳಬೇಕು. ಕರೆಂಟು ಬೇಕು ಅಂತ ಅರ್ಜಿ ಹಾಕಿದರೆ ಮೊದಲು ಕೇಳುತ್ತಿದ್ದದ್ದು "ಮನೆ ಯಾರ ಹೆಸರಲ್ಲಿದೆ?" ಅಂತ. ಒಕ್ಕಲಾಗಿ ಕೂತವನ ಹತ್ತಿರ ಅದಕ್ಕೆ ಉತ್ತರ ಎಲ್ಲಿಂದ ಬರಬೇಕು? ದೇವರಾಜ ಅರಸರ ಕಾಲದಲ್ಲಿ, 1974ರ ಮಾರ್ಚ್‌ನಿಂದ, ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂದು ಡಿಕ್ಲರೇಶನ್ ಕೊಟ್ಟವರಿಗೆ ಜಾಗ ಸಿಕ್ಕಿತು. ಜಾಗದ ಜೊತೆ ಒಂದು ಕಾಗದವೂ ಸಿಕ್ಕಿತು. ಜಾಗವೇ ಇಲ್ಲದವರಿಗೆ ಐದು ಸೆಂಟ್ಸ್ ಕಾಲೊನಿಗಳಾದವು. ಬಡವರಿಗೆ ದೀಪ ಕೊಡುವ ಯೋಜನೆಗಳು ಈ ಕಡೆ ನಡೆದದ್ದು ಆ ಕಾಗದದ ಬಲದಿಂದಲೂ ಹೌದು ಅಂತ ನನ್ನ ಅಭಿಪ್ರಾಯ.

ಆ ಯೋಜನೆಗಳಲ್ಲಿ ಮೊದಲನೆಯದು ರಾಜ್ಯ ಸರಕಾರದ "ಭಾಗ್ಯಜ್ಯೋತಿ". ಸುಮಾರು 1980ರ ಆಸುಪಾಸಿನಲ್ಲಿ ಬಂದದ್ದು. ಬಡವರ ಮನೆಗೆ ಒಂದು ಬಲ್ಬಿನ ಸಂಪರ್ಕ. ಅದೂ 40 ವ್ಯಾಟಿನ ಬಲ್ಬು! 1988-89ರಲ್ಲಿ ಕೇಂದ್ರ ಸರಕಾರವೂ ಅದೇ ಬಗೆಯ "ಕುಟೀರಜ್ಯೋತಿ" ತಂದಿತು. ಆಮೇಲೆ ಎರಡೂ ಜೋಡಿಯಾಗಿಬಿಟ್ಟವು. ದರಪಟ್ಟಿಯಲ್ಲಿ ಇವತ್ತಿಗೂ ಆ ವರ್ಗವನ್ನು "ಬಿಜೆ/ಕೆಜೆ" ಅಂತಲೇ ಗುರುತಿಸುತ್ತಾರೆ.

ಈ ಬಿಜೆ/ಕೆಜೆ ಮನೆಗಳಿಗೆ ತಿಂಗಳಿಗೆ 18 ಯೂನಿಟ್ ತನಕ ಉಚಿತ ಅಂತ ಬಹಳ ವರ್ಷ ನಡೆಯಿತು. 18 ಯೂನಿಟ್ ಅಂದರೆ ಎಷ್ಟು ಅಂತ ನೀವೇ ಲೆಕ್ಕ ಹಾಕಿ. 40 ವ್ಯಾಟಿನ ಬಲ್ಬು ದಿನಕ್ಕೆ 5 ಗಂಟೆ ಉರಿದರೆ ತಿಂಗಳಿಗೆ 6 ಯೂನಿಟ್. 75 ವ್ಯಾಟಿನ ಸೀಲಿಂಗ್ ಫ್ಯಾನ್ ರಾತ್ರಿ 8 ಗಂಟೆ ತಿರುಗಿದರೆ ತಿಂಗಳಿಗೆ ಸರಿಯಾಗಿ 18 ಯೂನಿಟ್. ಅಂದರೆ ಬಡವನ ಕೋಟಾ ಪೂರ್ತಿ ಒಂದು ಫ್ಯಾನಿಗೆ ಸರಿ. ನಮ್ಮ ಕರಾವಳಿಯ ಏಪ್ರಿಲ್-ಮೇ ತಿಂಗಳ ಸೆಕೆ ಗೊತ್ತಿದ್ದವರು ಈ ಲೆಕ್ಕ ಮಾಡಿರಲಿಕ್ಕಿಲ್ಲ, ಬಿಡಿ :)

ಯೂನಿಟ್ಟಿಗಿಂತ ದೊಡ್ಡ ತೊಡಕು ಇನ್ನೊಂದು ಷರತ್ತಿನಲ್ಲಿತ್ತು. ಮನೆಯಲ್ಲಿ ಒಂದಕ್ಕಿಂತ ಹೆಚ್ಚು ಪಾಯಿಂಟ್ ಕಂಡರೆ, ಅಥವಾ ಮಿತಿ ಮೀರಿ ಬಳಸಿದರೆ, ಆ ಮನೆ ಬಿಜೆ/ಕೆಜೆ ಅಲ್ಲ. ಮಾಮೂಲಿ ಗೃಹಬಳಕೆಯ ದರದಲ್ಲಿ ಬಿಲ್ಲು. ಒಳಗೆ ಅಡುಗೆ ಮಾಡುವವರಿಗೆ ಒಂದು ದೀಪ, ಜಗಲಿಯಲ್ಲಿ ಬೀಡಿ ಕಟ್ಟುವವರಿಗೆ ಒಂದು ದೀಪ ಅಂತ ಎರಡು ಹಾಕಿದರೆ ಅದು ನಿಯಮದ ಉಲ್ಲಂಘನೆ. ಉಡುಪಿ, ಕಾರ್ಕಳ, ಕಾಪು ಸೀಮೆಯಲ್ಲಿ ಬೀಡಿ ಕಟ್ಟಿ ಸಂಸಾರ ನಡೆಸಿದ ಹೆಂಗಸರಿಗೆ ಲೆಕ್ಕವಿಲ್ಲ. ಮಕ್ಕಳ ಓದು, ತಾಯಿಯ ಬೀಡಿ, ಅಜ್ಜಿಯ ಅಡುಗೆ ಎಲ್ಲ ಒಂದೇ ಬಲ್ಬಿನ ಕೆಳಗೆ ನಡೆಯಬೇಕು ಅಂತ ಕಾನೂನು ಹೇಳಿದ ಹಾಗೆ ಆಯಿತು. ಜೊತೆಗೆ ಆ ಮನೆಗಳಲ್ಲಿ ಎಷ್ಟೋ ಕಡೆ ಮೀಟರೇ ಇರಲಿಲ್ಲ. ಎಷ್ಟು ಉರಿಯಿತು ಅಂತ ಯಾರಿಗೂ ಗೊತ್ತಿಲ್ಲ, ಲೆಕ್ಕ ಮಾತ್ರ ಅಂದಾಜಿನದ್ದು.

ಇದೇ ಕಾಲದಲ್ಲಿ ನಮ್ಮ ನೆಲದಲ್ಲೇ ಕರೆಂಟು ಹುಟ್ಟಲು ಶುರುವಾಯಿತು. 1989ರಲ್ಲಿ ಹೊಸಂಗಡಿಯ ಹತ್ತಿರ ನೆಲದಡಿಯಲ್ಲಿ ವಾರಾಹಿ ವಿದ್ಯುದಾಗಾರ ಕೆಲಸ ಆರಂಭಿಸಿತು. 2009ರಲ್ಲಿ ಅದರ ಸಾಮರ್ಥ್ಯ ದುಪ್ಪಟ್ಟಾಗಿ 460 ಮೆಗಾವ್ಯಾಟ್ ಆಯಿತು. ನಂದಿಕೂರಿನ ಕತೆ ಎಲ್ಲರಿಗೂ ಗೊತ್ತು. ಕೊಜೆಂಟ್ರಿಕ್ಸ್ ಅನ್ನುವ ಅಮೆರಿಕದ ಕಂಪೆನಿ ವರ್ಷಗಟ್ಟಲೆ ವಿರೋಧ, ಕೋರ್ಟು ಎಲ್ಲ ಎದುರಿಸಿ 1999ರ ಡಿಸೆಂಬರಿನಲ್ಲಿ ಹಿಂದೆ ಸರಿಯಿತು. ಕೊನೆಗೆ ಬೇರೆ ಕಂಪೆನಿಯ ಕೈಯಲ್ಲಿ ಎಲ್ಲೂರಿನಲ್ಲಿ ಹೊರದೇಶದ ಕಲ್ಲಿದ್ದಲಿನಿಂದ ನಡೆಯುವ 1200 ಮೆಗಾವ್ಯಾಟಿನ ಸ್ಥಾವರ ಎದ್ದಿತು. ಮೊದಲ ಘಟಕ 2010ರಲ್ಲಿ, ಎರಡನೆಯದು 2012ರಲ್ಲಿ. ಈಗ ಅದು ಕಾಪು ತಾಲೂಕಿನಲ್ಲಿದೆ. ಬೂದಿ, ಹೊಗೆ, ಬಾವಿ ನೀರು, ಮಲ್ಲಿಗೆ ಗಿಡ ಅಂತ ಸುತ್ತಲಿನವರು ಮಾಡಿದ ಹೋರಾಟಕ್ಕೆ ಒಂದು ಪುಸ್ತಕವೇ ಬೇಕು. ಇಲ್ಲಿ ಹೇಳಬೇಕಾದ್ದು ಇಷ್ಟೇ: ಸ್ಥಾವರದ ಪಕ್ಕದ ಮನೆಯವರಿಗೂ, ನೂರಾರು ಮೈಲಿ ದೂರದ ಮನೆಯವರಿಗೂ ಕರೆಂಟಿನ ದರ ಒಂದೇ. ಹೊಗೆಗೆ ರಿಯಾಯಿತಿ ಇಲ್ಲ.

ಮಣಿಪಾಲದ ಪಾಲೂ ಈ ಕತೆಯಲ್ಲಿದೆ, ಆದರೆ ಬೇರೆ ರೀತಿಯಲ್ಲಿ. 1928ರಲ್ಲಿ ದಿನಕ್ಕೆ ಎರಡಾಣೆ ಕೂಡಿಸುವ ಪಿಗ್ಮಿ ಠೇವಣಿ ಶುರುಮಾಡಿದ ಸಿಂಡಿಕೇಟ್ ಬ್ಯಾಂಕ್ ಇದೆಯಲ್ಲ (2020ರ ಏಪ್ರಿಲ್ 1ರಂದು ಅದು ಕೆನರಾ ಬ್ಯಾಂಕಿನಲ್ಲಿ ಸೇರಿಹೋಯಿತು), ಅದು ಸೋಲಾರ್ ದೀಪಕ್ಕೆ ಸಾಲ ಕೊಟ್ಟ ಮೊದಲಿಗರಲ್ಲಿ ಒಂದು. 1995ರಲ್ಲಿ ಹರೀಶ್ ಹಂದೆಯವರು ಕಟ್ಟಿದ ಸೆಲ್ಕೋ ಈ ಕರಾವಳಿಯ ಮನೆಗಳಿಗೆ ಸೋಲಾರ್ ಹಾಕುತ್ತಾ ಬೆಳೆಯಿತು. ಹಂದೆಯವರಿಗೆ 2011ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿಯೂ ಬಂತು. 2003ರಲ್ಲಿ ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮ ಸಿಂಡಿಕೇಟ್ ಮತ್ತು ಕೆನರಾ ಬ್ಯಾಂಕುಗಳ ಜೊತೆ ಸೇರಿ ಸೋಲಾರ್ ಸಾಲದ ಬಡ್ಡಿಯನ್ನು ಶೇ. 12ರಿಂದ ಶೇ. 5ಕ್ಕೆ ಇಳಿಸುವ ಯೋಜನೆ ನಡೆಸಿತು. ಇದರ ಹಿಂದಿನ ಲೆಕ್ಕ ಸುಲಭ. ತಿಂಗಳಿಗೆ ಚಿಮಣಿ ಎಣ್ಣೆಗೆ, ಕ್ಯಾಂಡಲಿಗೆ ಹೋಗುವ ದುಡ್ಡನ್ನೇ ಕಂತಾಗಿ ಕಟ್ಟಿದರೆ ಕೆಲವು ವರ್ಷಗಳಲ್ಲಿ ದೀಪ ನಿಮ್ಮದೇ. 1987ರಲ್ಲಿ ಕುದುರೆಮುಖ ರಾಷ್ಟ್ರೀಯ ಉದ್ಯಾನವಾದ ಮೇಲೆ ಕಾರ್ಕಳದ ಮಾಳ, ಈದು, ನೂರಾಳ್‌ಬೆಟ್ಟು ಕಡೆಯ ಕಾಡಂಚಿಗೆ ಕಂಬ ಒಯ್ಯುವುದು ಸುಲಭದ ಮಾತಾಗಿರಲಿಲ್ಲ. ಅಂಥ ಕಡೆ ಕೈಗೆಟಕುವ ದಾರಿ ಇದೇ. ಆದರೂ ಒಂದು ವ್ಯತ್ಯಾಸ ಗಮನಿಸಿ: ಊರಿನ ಬಡವನಿಗೆ ದೀಪ ಉಚಿತ, ಕಾಡಂಚಿನ ಬಡವನಿಗೆ ದೀಪ ಸಾಲ.

ಅಷ್ಟರಲ್ಲಿ ಕೆಇಬಿಯೂ ಉಳಿಯಲಿಲ್ಲ. 1999ರಲ್ಲಿ ಕೆಪಿಟಿಸಿಎಲ್ ಆಯಿತು, ದರ ನಿಗದಿ ಮಾಡಲು ಆಯೋಗ ಬಂತು. 2002ರಲ್ಲಿ ಮಂಗಳೂರನ್ನು ಕೇಂದ್ರವಾಗಿಟ್ಟುಕೊಂಡು ಮೆಸ್ಕಾಂ ಹುಟ್ಟಿತು. 2003ರ ವಿದ್ಯುತ್ ಕಾಯ್ದೆ ಎರಡು ದೊಡ್ಡ ಬದಲಾವಣೆ ತಂದಿತು. ಒಂದು, ಮೀಟರ್ ಇಲ್ಲದೆ ಕರೆಂಟು ಕೊಡಬಾರದು. ಇನ್ನೊಂದು, 65ನೇ ಕಲಂ: ಯಾವುದೇ ವರ್ಗದ ಬಳಕೆದಾರರಿಗೆ ಸರಕಾರ ರಿಯಾಯಿತಿ ಕೊಡುವುದಾದರೆ ಆ ದುಡ್ಡನ್ನು ಕಂಪೆನಿಗೆ ಮುಂಗಡವಾಗಿ ತುಂಬಬೇಕು. ಅಂದರೆ "ಉಚಿತ" ಅಂತ ಒಂದಿಲ್ಲ ಮಾರಾಯ್ರೆ. ನೀವು ಕಟ್ಟದ ಬಿಲ್ಲನ್ನು ಖಜಾನೆ ಕಟ್ಟಬೇಕು. ಖಜಾನೆ ತಡಮಾಡಿದರೆ ಕಂಪೆನಿ ಸಾಲ ಮಾಡಬೇಕು.

ಆಮೇಲೆ ಯೋಜನೆಗಳ ಸಾಲೇ ಬಂತು. 2005ರಲ್ಲಿ ರಾಜೀವ್ ಗಾಂಧಿ ಗ್ರಾಮೀಣ ವಿದ್ಯುದೀಕರಣ, 2017ರಲ್ಲಿ ಸೌಭಾಗ್ಯ. ಇವೆರಡೂ ಸಂಪರ್ಕ ಕೊಡಿಸುವಂಥವು, ಬಿಲ್ಲು ಕಟ್ಟುವಂಥವಲ್ಲ. ಬಿಲ್ಲಿನ ವಿಷಯಕ್ಕೆ ಬಂದರೆ 2017-18ರ ಬಜೆಟ್ಟಿನಲ್ಲಿ ಬಿಜೆ/ಕೆಜೆ ಮಿತಿ 18ರಿಂದ 40 ಯೂನಿಟ್ಟಿಗೆ ಏರಿತು. 2022ರಲ್ಲಿ ಬಿಪಿಎಲ್ ಕಾರ್ಡಿನ ಪರಿಶಿಷ್ಟ ಜಾತಿ, ಪಂಗಡದ ಮನೆಗಳಿಗೆ 75 ಯೂನಿಟ್ ಉಚಿತ ಕೊಡುವ "ಅಮೃತಜ್ಯೋತಿ" ಬಂತು. 2023ರಲ್ಲಿ ಇವೆಲ್ಲ "ಗೃಹಜ್ಯೋತಿ"ಯೊಳಗೆ ಸೇರಿದವು. ಆ ವರ್ಷದ ಜೂನ್ 18ರಿಂದ ಸೇವಾಸಿಂಧುವಿನಲ್ಲಿ ನೋಂದಣಿ, ಆಗಸ್ಟ್ 5ರಂದು ಕಲಬುರಗಿಯಲ್ಲಿ ಉದ್ಘಾಟನೆ. ಈಗ ರಾಜ್ಯದಲ್ಲಿ 1.6 ಕೋಟಿಗೂ ಹೆಚ್ಚು ಮನೆಗಳು ಇದರಲ್ಲಿವೆ. ವರ್ಷದ ಖರ್ಚು ಹತ್ತಿರ ಹತ್ತಿರ 10 ಸಾವಿರ ಕೋಟಿ ರೂಪಾಯಿ.

ಜನ "200 ಯೂನಿಟ್ ಫ್ರೀ" ಅಂತಾರೆ, ನಿಯಮ ಹಾಗಿಲ್ಲ. 2022-23ರಲ್ಲಿ ನಿಮ್ಮ ಮನೆಯ ತಿಂಗಳ ಸರಾಸರಿ ಬಳಕೆ ಎಷ್ಟಿತ್ತೋ ಅದಕ್ಕೆ ಶೇ. 10 ಸೇರಿಸಿ, ಅಷ್ಟು ಮಾತ್ರ ಉಚಿತ. ಅದನ್ನು ಮೀರಿದರೆ ಮೀರಿದಷ್ಟಕ್ಕೆ ಬಿಲ್ಲು, 200 ದಾಟಿದರೆ ಪೂರ್ತಿ ಬಿಲ್ಲು. ತಿಂಗಳಿಗೆ 170 ಯೂನಿಟ್ ಸುಡುತ್ತಿದ್ದ ಮನೆಗೆ 187 ಯೂನಿಟ್ ಉಚಿತ. ದುಡ್ಡಿಗೆ ಹೆದರಿ 30 ಯೂನಿಟ್ಟಿನಲ್ಲಿ ದಿನ ದೂಡುತ್ತಿದ್ದ ಮನೆಗೆ ಬರೇ 33. ಇದು ಸರಿಯಲ್ಲ ಅನ್ನುವುದು ಸರಕಾರಕ್ಕೂ ಹೊಳೆದಿರಬೇಕು. 2024ರ ಜನವರಿಯಲ್ಲಿ 48 ಯೂನಿಟ್ಟಿಗಿಂತ ಕಡಿಮೆ ಸರಾಸರಿಯವರಿಗೆ ಶೇ. 10ರ ಬದಲು 10 ಯೂನಿಟ್ ಹೆಚ್ಚುವರಿ ಅಂತ ತೀರ್ಮಾನವಾಯಿತು. 33 ಇದ್ದದ್ದು 40 ಆಯಿತು. 187 ಇದ್ದದ್ದು 187 ಆಗಿಯೇ ಉಳಿಯಿತು. ಹೊಸದಾಗಿ ಕರೆಂಟು ಬಂದ ಮನೆಗೆ 58 ಯೂನಿಟ್.

ಕೂಡುಕುಟುಂಬದ ಕತೆ ಇನ್ನೂ ವಿಚಿತ್ರ. ಮೂವರು ಅಣ್ಣತಮ್ಮಂದಿರ ಸಂಸಾರ ಒಂದೇ ಮೀಟರಿನಲ್ಲಿ ಇದ್ದು, ಬಾವಿಯ ಪಂಪೂ ಸೇರಿ 210 ಯೂನಿಟ್ ಆದರೆ ಒಂದು ರೂಪಾಯಿಯೂ ಬಿಡುವುದಿಲ್ಲ. ಅದೇ ಮೂವರು ಬೇರೆಯಾಗಿ ಮೂರು ಮೀಟರ್ ಹಾಕಿಸಿಕೊಂಡರೆ ಮೂವರಿಗೂ ಸೊನ್ನೆ ಬರಬಹುದು!

ನಮ್ಮಲ್ಲಿ ಮಾತ್ರ ಹೀಗೆ ಅಂತಲ್ಲ. ತಮಿಳುನಾಡಿನಲ್ಲಿ 2016ರಿಂದ ಎರಡು ತಿಂಗಳಿಗೆ 100 ಯೂನಿಟ್ ಉಚಿತ, ದಿಲ್ಲಿಯಲ್ಲಿ 2019ರಿಂದ 200 ಯೂನಿಟ್. ಅಮೆರಿಕದಲ್ಲಿ 1981ರಿಂದಲೇ ಕಡಿಮೆ ಆದಾಯದವರ ಬಿಲ್ಲಿಗೆ ನೆರವು ಕೊಡುವ ಕೇಂದ್ರ ಯೋಜನೆಯಿದೆ. ಅಲ್ಲಿನ ಭಯ ಚಳಿಯದ್ದು, ಮನೆ ಬಿಸಿ ಮಾಡಲಾಗದೆ ಮುದುಕರು ಸಾಯುತ್ತಾರೆ ಅನ್ನುವುದು. ಅಲ್ಲಿ ಆದಾಯ ನೋಡಿ ಕೊಡುತ್ತಾರೆ. ನಾವು ಭಾಗ್ಯಜ್ಯೋತಿಯಲ್ಲಿ ಬಡತನ ನೋಡಿ ಕೊಟ್ಟು ಒಂದು ಬಲ್ಬಿಗೆ ಕಟ್ಟಿಹಾಕಿದೆವು. ಗೃಹಜ್ಯೋತಿಯಲ್ಲಿ ಬಡತನ ನೋಡುವುದನ್ನೇ ಬಿಟ್ಟು ಹಳೆಯ ಬಿಲ್ಲು ನೋಡಿ ಕೊಟ್ಟೆವು. ಮೊದಲನೆಯದರಲ್ಲಿ ಅನುಮಾನ ಜಾಸ್ತಿ, ಎರಡನೆಯದರಲ್ಲಿ ಅಳತೆ ತಪ್ಪು.

ಹಾಗಂತ ಗೃಹಜ್ಯೋತಿಯಿಂದ ಬಡವರಿಗೆ ಏನೂ ಆಗಲಿಲ್ಲ ಅನ್ನುವವರ ಜೊತೆ ನಾನಿಲ್ಲ. ಎರಡನೇ ಬಲ್ಬು ಹಾಕಿದ್ದಕ್ಕೆ ಈಗ ಯಾರೂ ಹೆದರಬೇಕಾಗಿಲ್ಲ. ಬಾಡಿಗೆ ಮನೆಯವರೂ ತಮ್ಮ ಹೆಸರಲ್ಲಿ ನೋಂದಾಯಿಸಬಹುದು, ಮನೆ ಬಿಟ್ಟಾಗ ಆಧಾರ್ ಬೇರ್ಪಡಿಸಿಕೊಂಡು ಹೊಸ ಮನೆಗೆ ಒಯ್ಯಬಹುದು. ಮಣಿಪಾಲದಂಥ ಬಾಡಿಗೆ ಊರಿನಲ್ಲಿ ಇದು ಸಣ್ಣ ವಿಷಯ ಅಲ್ಲ. ಮನೆ ಯಾರ ಹೆಸರಲ್ಲಿದೆ ಅನ್ನುವ ಹಳೆಯ ಪ್ರಶ್ನೆ ಮೊದಲ ಬಾರಿಗೆ ಹಿಂದೆ ಸರಿದಿದೆ.

ಮುಂದಿನ ಸಲ ಬಿಲ್ಲು ಬಂದಾಗ ಸೊನ್ನೆಯನ್ನಷ್ಟೇ ನೋಡಿ ಮಡಚಿಡಬೇಡಿ. ನಿಮ್ಮ ಉಚಿತ ಯೂನಿಟ್ ಎಷ್ಟು ಅಂತ ನೋಡಿ, ಪಕ್ಕದ ಐದು ಸೆಂಟ್ಸ್ ಮನೆಯವರದ್ದು ಎಷ್ಟು ಅಂತಲೂ ಕೇಳಿ ನೋಡಿ. ನಿಮ್ಮದು ಅವರಿಗಿಂತ ಮೂರು ಪಟ್ಟು ಜಾಸ್ತಿ ಇದ್ದರೆ ಆಶ್ಚರ್ಯವಿಲ್ಲ. ಮೆಸ್ಕಾಂನವರು ಆಗಾಗ ಜನಸಂಪರ್ಕ ಸಭೆ ಮಾಡುತ್ತಾರಲ್ಲ, ಕಂಬ ವಾಲಿದೆ, ವೋಲ್ಟೇಜ್ ಇಲ್ಲ ಅನ್ನುವ ದೂರುಗಳ ನಡುವೆ ಈ ಲೆಕ್ಕವನ್ನೂ ಯಾರಾದರೂ ಎದ್ದು ನಿಂತು ಕೇಳಬೇಕು.