ಗೇರುಸೊಪ್ಪೆಯ ಘಟ್ಟಮಾರ್ಗ ಮತ್ತು ನಗಿರೆಯ ಜೈನ ರಾಜ್ಯ

ಜೋಗದಲ್ಲಿ 253 ಮೀಟರ್ ಕೆಳಕ್ಕೆ ಧುಮುಕುವ ಶರಾವತಿಯು ದುರ್ಗಮವಾದ ಕಮರಿಯೊಳಗೆ ಹರಿದು ಗೇರುಸೊಪ್ಪೆಯ ಬಳಿ ಸಮತಳಕ್ಕೆ ಬರುತ್ತದೆ. ಅಲ್ಲಿಂದ ಹೊನ್ನಾವರದ ಅಳಿವೆಯವರೆಗೆ, ಸುಮಾರು 30 ಕಿಲೋಮೀಟರು, ದೋಣಿಗಳು ಸಲೀಸಾಗಿ ಸಾಗುವಷ್ಟು ನೀರುಂಟು. ಮೇಲಣ ಕಮರಿಯಲ್ಲಿ ಎತ್ತಿಗಾಗಲಿ ಹೊರೆಯಾಳಿಗಾಗಲಿ ದಾರಿಯಿಲ್ಲ. ಆದಕಾರಣ ಗೇರುಸೊಪ್ಪೆಯಲ್ಲಿ ದೋಣಿಯಿಂದಿಳಿದ ಸರಕು ನದಿಯ ಸಂಗವನ್ನು ತೊರೆದು ಬೆಟ್ಟದ ಮೈಯನ್ನೇ ಹಿಡಿದು ಏರಬೇಕು. ಇಂದು ಮಾಲೆಮನೆ ಘಟ್ಟದ ಮೂಲಕ ಮಾವಿನಗುಂಡಿಗೆ ಏರುವ ಹೆದ್ದಾರಿಯು ಹಳೆಯ ಜಾಡನ್ನೇ ಹೆಜ್ಜೆಹೆಜ್ಜೆಗೂ ಅನುಸರಿಸಿದೆ ಎನ್ನಲಾಗದು. ಆದರೆ ಅದು ನದಿಯನ್ನು ಬಿಟ್ಟು ಏರುವ ಕಾರಣ ಹಿಂದಿನದೇ. ಜಲಮಾರ್ಗ ಮುಗಿದು ನೆಲದ ಮಾರ್ಗ ತೊಡಗುವ ಈ ಸಂಧಿಸ್ಥಾನವೇ ಪಟ್ಟಣವಾಯಿತು.

ನಗಿರೆಯ ಅರಸರು ಜೈನರು, ವಿಜಯನಗರದ ಸಾಮಂತರು. ಅವರಲ್ಲಿ ಪ್ರಖ್ಯಾತಳಾದ ಚೆನ್ನಭೈರಾದೇವಿಯು 1552ರಿಂದ ಸುಮಾರು 1606ರವರೆಗೆ ಆಳಿದಳು. ಪೋರ್ತುಗೀಸರು ಆಕೆಯನ್ನು ಮೆಣಸಿನ ರಾಣಿಯೆಂದು ಕರೆದುದು ವಿದಿತವೇ ಆಗಿದೆ. 1569ರಲ್ಲಿ ಅವರು ಹೊನ್ನಾವರವನ್ನು ಹಿಡಿದ ಮೇಲೆ ನದಿಯ ಮುಖ ಪರರ ವಶವಾಯಿತು. ಘಟ್ಟದ ನೆತ್ತಿಯ ಕಡೆ ಇಕ್ಕೇರಿಯ ನಾಯಕರು ಬಲಿಯುತ್ತಿದ್ದರು. ರಾಣಿಗೆ ಉಳಿದುದು ಇವೆರಡರ ನಡುವಣ ಪಾದಭೂಮಿ. ನದಿಯಾಚೆಯ ನಗರಬಸ್ತಿಕೇರಿಯಲ್ಲಿ ನಾಲ್ಕು ದಿಕ್ಕಿಗೂ ಬಾಗಿಲುಳ್ಳ ಚತುರ್ಮುಖ ಬಸದಿಯನ್ನು ಕಂಡವರಿಗೆ ಈ ಪಾದಭೂಮಿಯ ಸಂಪತ್ತು ಎಷ್ಟಿದ್ದಿತೆಂಬುದನ್ನು ವಿವರಿಸಬೇಕಾಗಿಲ್ಲ.

ರಾಜ್ಯದ ಪತನವನ್ನು ಕುರಿತು ಬಹುವಾಗಿ ಉದ್ಧೃತವಾಗುವ ಕಥೆಯೊಂದುಂಟು. 1623ರಲ್ಲಿ ಇಟಲಿಯ ಯಾತ್ರಿಕ ಪಿಯೆತ್ರೋ ದೆಲ್ಲಾ ವಾಲ್ಲೆ ಹೊನ್ನಾವರದಿಂದ ದೋಣಿಯಲ್ಲಿ ಗೇರುಸೊಪ್ಪೆಗೆ ಬಂದು, ಘಟ್ಟವನ್ನೇರಿ ಇಕ್ಕೇರಿಗೆ ಹೋದನು. ಪಟ್ಟಣವೂ ಅರಮನೆಯೂ ಆಗಲೇ ಪಾಳುಬಿದ್ದು ಮರಗಿಡಗಳು ಬೆಳೆದಿದ್ದುದನ್ನು ಅವನು ಕಂಡನು. ಇದು ಪ್ರತ್ಯಕ್ಷ ಸಾಕ್ಷ್ಯ, ಅಮೂಲ್ಯವಾದುದು. ಆದರೆ ರಾಣಿಯು ಕೀಳು ಕುಲದ ಪರದೇಶಿಯೊಬ್ಬನಲ್ಲಿ ಅನುರಕ್ತಳಾಗಿ ರಾಜ್ಯವನ್ನು ಕಳೆದುಕೊಂಡಳೆಂದು ಅವನು ಬರೆದಿರುವುದು ಕಿವಿಮಾತು. ಅವನು ಹೊರಟಿದ್ದುದು ಪೋರ್ತುಗೀಸ್ ರಾಯಭಾರಿಯ ಪರಿವಾರದಲ್ಲಿ. ತಲುಪಬೇಕಾಗಿದ್ದುದು ಆ ರಾಜ್ಯವನ್ನು ಗೆದ್ದ ವೆಂಕಟಪ್ಪ ನಾಯಕನ ಆಸ್ಥಾನವನ್ನು. ರಾಣಿಯ ಎರಡು ಪಕ್ಷದ ವೈರಿಗಳ ನಡುವೆ ಕೇಳಿದ ಮಾತನ್ನು ನಮ್ಮ ಕೆಲವು ಬರೆಹಗಾರರು ಇತಿಹಾಸವೆಂದೇ ಸ್ವೀಕರಿಸಿರುವುದು ಖೇದಕರ. ಸೋತ ಸ್ತ್ರೀಯ ಶೀಲವನ್ನು ಶಂಕಿಸುವುದು ಗೆದ್ದವರಿಗೆ ಎಂದಿಗೂ ಸುಲಭವೇ. ಘಟ್ಟದ ನೆತ್ತಿಯನ್ನು ಹಿಡಿದವನಿಗೆ ಅದರ ಬುಡವೂ ಬೇಕಾಯಿತೆಂಬ ಭೂಗೋಳದ ಕಾರಣವೇ ಇಲ್ಲಿ ಸಾಕು.

ಇನ್ನೊಂದಂಶವೂ ಪರಿಶೀಲನಾರ್ಹ. ಪಟ್ಟಣ ಅಳಿದರೂ ಘಟ್ಟಮಾರ್ಗ ಅಳಿಯಲಿಲ್ಲ. ದೆಲ್ಲಾ ವಾಲ್ಲೆಯೇ ಅದರಲ್ಲಿ ನಡೆದನು. ಅಳಿದುದು ಆ ಮಾರ್ಗದ ಆದಾಯವನ್ನು ಅಲ್ಲಿಯೇ ವ್ಯಯಮಾಡುತ್ತಿದ್ದ ಅರಸೊತ್ತಿಗೆ. ಆದಾಯ ಮೇಲಕ್ಕೆ ಹೋದ ಬಳಿಕ ಬಸದಿಗಳಿಗೆ ಪೋಷಕರು ಉಳಿಯಲಿಲ್ಲವೆಂದು ನನ್ನ ತರ್ಕ.

ವಿದ್ಯೆಯೂ ಇದೇ ದಾರಿಗಳಲ್ಲಿ ಸಂಚರಿಸಿತು. ಗೇರುಸೊಪ್ಪೆಯ ವಾದಿ ವಿದ್ಯಾನಂದನ ವಾದವಿಜಯಗಳನ್ನು ಹೊಗಳುವ ಶಾಸನವಿರುವುದು ಘಟ್ಟದ ಮೇಲಣ ಹುಂಚದಲ್ಲಿ. ಕರಾವಳಿಯ ಕಡೆ ಸಂಗೀತಪುರ, ಎಂದರೆ ಹಾಡುವಳ್ಳಿಯ ಮಠದ ಶಿಷ್ಯನಾದ ಭಟ್ಟಾಕಳಂಕನು 1604ರಲ್ಲಿ ಕರ್ಣಾಟಕ ಶಬ್ದಾನುಶಾಸನದ 592 ಸೂತ್ರಗಳನ್ನು ಮುಗಿಸಿದಾಗ ರಾಣಿಯ ಆಳ್ವಿಕೆ ಕೊನೆಗಾಣುತ್ತಿದ್ದಿತು.

ಹಸ್ತಪ್ರತಿಗಳ ಸೂಚಿಕಾರರಲ್ಲಿ ಒಂದು ವಿಜ್ಞಾಪನೆ. ಗೇರುಸೊಪ್ಪೆಗೆ ಕ್ಷೇಮಪುರವೆಂದೂ, ಗೇರಿನ ಸಂಸ್ಕೃತ ಪರ್ಯಾಯದಿಂದ ಭಲ್ಲಾತಕೀಪುರವೆಂದೂ ಹೆಸರುಗಳುಂಟು. ಪುಷ್ಪಿಕೆಗಳಲ್ಲಿ ಈ ಹೆಸರುಗಳು ದೊರೆತಾಗ ಅವನ್ನು ಅಪರಿಚಿತ ಸ್ಥಳಗಳ ಪಟ್ಟಿಗೆ ಸೇರಿಸದೆ ಗೇರುಸೊಪ್ಪೆಯ ಅಡಿಯಲ್ಲಿಯೂ ನಮೂದಿಸಿದರೆ, ಈ ಘಟ್ಟದ ಬುಡದಲ್ಲಿ ಬರೆಯಿಸಿದ ಓಲೆಗಳು ಯಾವ ಯಾವ ಭಂಡಾರಗಳಿಗೆ ಸೇರಿದುವೆಂಬುದು ಗೋಚರಿಸೀತು.