ಪುರಿಗೆ ಬಂದ ಟ್ರಂಕು

1937ರ ಮಾರ್ಚ್ 23ರಂದು ಪುರಿ ರೈಲು ನಿಲ್ದಾಣದಲ್ಲಿ ಮೂರನೇ ದರ್ಜೆಯ ಡಬ್ಬಿಯೊಂದರಲ್ಲಿ ವಾರಸುದಾರರಿಲ್ಲದ ಸ್ಟೀಲ್ ಟ್ರಂಕು ಸಿಕ್ಕಿತು. ಒಳಗಿದ್ದದ್ದು ಏಳು ತುಂಡಾದ ಶವ. ಪೀಠಾಪುರಂ ದಿವಾನರ ಬಳಿ ಜವಾನನಾಗಿದ್ದವನದು.

ಕೊಲೆ ಕಂಡವರಿಲ್ಲ. ಟ್ರಂಕು ಕೊಂಡವರು ಯಾರು, ಅದು ಯಾವ ಮನೆಯಿಂದ ಸ್ಟೇಷನ್ನಿಗೆ ಹೋಯಿತು ಎಂಬ ಎಳೆಗಳನ್ನೇ ಪೊಲೀಸರು ಹೆಣೆಯಬೇಕಾಯಿತು. ಹೆಂಡತಿಯ ಬಳಿ ಮಾತ್ರ ಒಂದು ಮಾತು ಉಳಿದಿತ್ತು: ಕೊಟ್ಟ ಸಾಲ ವಾಪಸು ತರಲು ಬೆರ್ಹಾಂಪುರಕ್ಕೆ ಹೋಗುತ್ತಿದ್ದೇನೆಂದು ಹೇಳಿ ಗಂಡ ಎರಡು ದಿನ ಮೊದಲು ಹೊರಟಿದ್ದ. ಸಾಲ ಪಡೆದಾಕೆ ದಿವಾನರ ಮಗಳು. ಆರೋಪಿ ಆಕೆಯ ಗಂಡ, ಪಕಾಲಾ ನಾರಾಯಣಸ್ವಾಮಿ.

ಸಾವಿನ ಸುಳಿವೇ ಇಲ್ಲದವನ ಮಾತು ಮರಣಕಾಲದ ಹೇಳಿಕೆಯಾದೀತೇ? ಇಂಗ್ಲೆಂಡಿನಲ್ಲಿ ಆಗುತ್ತಿರಲಿಲ್ಲ, ಅಲ್ಲಿ ಹೇಳುವವನು ಬದುಕಿನ ಆಸೆಯನ್ನೇ ಬಿಟ್ಟಿರಬೇಕಿತ್ತು. 1872ರ ಭಾರತೀಯ ಸಾಕ್ಷ್ಯ ಅಧಿನಿಯಮದ 32ನೇ ಕಲಮು ಆ ಷರತ್ತು ಹಾಕಿರಲಿಲ್ಲ. 1939ರಲ್ಲಿ ಆರೋಪಿಯ ಮೇಲ್ಮನವಿ ಆಲಿಸಿದ ಪ್ರಿವಿ ಕೌನ್ಸಿಲ್‌ನ ಲಾರ್ಡ್ ಆಟ್ಕಿನ್, ಪ್ರಯಾಣದ ಆ ಮಾತು ಸಾವಿಗೆ ಕಾರಣವಾದ ಘಟನಾವಳಿಯ ಭಾಗವೇ ಎಂದರು.

ವಿಚಿತ್ರವೆಂದರೆ, ಸತ್ತವನು ತನ್ನ ಮನೆಗೆ ಬಂದಿದ್ದನೆಂದು ಆರೋಪಿಯೇ ಪೊಲೀಸರಿಗೆ ಹೇಳಿದ್ದನ್ನು ಅದೇ ತೀರ್ಪು ಕೈಬಿಟ್ಟಿತು: ತನಿಖೆಯಲ್ಲಿ ಪೊಲೀಸರಿಗೆ ಕೊಟ್ಟ ಹೇಳಿಕೆ ಸಾಕ್ಷ್ಯವಾಗದು. ಆದರೂ ಮೇಲ್ಮನವಿ ವಜಾ ಆಯಿತು. 32ನೇ ಕಲಮಿನ ಆ ನಿಯಮ ಈಗ ಭಾರತೀಯ ಸಾಕ್ಷ್ಯ ಅಧಿನಿಯಮ, 2023ರ 26ನೇ ಕಲಮಿನಲ್ಲಿದೆ.